ಪಟಗಾದ ಕೌದಿಯ ವಿಚಾರಣೆ

೧೯೯೮, ಮಾರ್ಗಶಿರ ಮಾಸ, ಗುರುವಾರ, ಬೆಳಗಿನ ಒಂಬತ್ತು ಗಂಟೆ. ಸ್ಥಳ, ಹುಕ್ಕೇರಿ ತಾಲೂಕು ಹಿಡಕಲ್ಲಿನಲ್ಲಿ ಕೌದಿ ಹೊಲಿಯುವ ಕಾಶವ್ವನ ಮನೆ. ಹಾಜರಿದ್ದವರು: ಮನೆಯ ಯಜಮಾನಿ ಕಾಶವ್ವ, ಅವಳ ಮನೆಯಲ್ಲೇ ಇದ್ದು ಕಾಲುವೆಯ ಗೇಟು ತೆಗೆದು ಮುಚ್ಚುವ ಕೆಲಸ ಮಾಡುವ ತಮ್ಮ ದುಂಡಪ್ಪ, ಅರ್ಜಿ ಕೊಟ್ಟ ಶಾಂತವ್ವ, ಮತ್ತು ಒರೆಗಣದ ನಾವು ಮೂವರು. ವಿಚಾರಣೆಯ ವಸ್ತು, ಹಳೆಯ ಬಟ್ಟೆ ಸೇರಿಸಿ ಹೊಲಿದ ಒಂದು ಕೌದಿ.

ಒರೆಗಣಕ್ಕೆ ಹೊಸದಾಗಿ ಸೇರುವವರಿಗಾಗಿ ಇದನ್ನು ಬರೆಯುತ್ತಿದ್ದೇನೆ. ನಾನು ಯಾವಾಗ ಕಿರಿಯನಿಂದ ಹಿರಿಯನಾದೆ, ಯಾರ ನಂತರ ಯಾವ ಸ್ಥಾನಕ್ಕೆ ಬಂದೆ ಎಂಬುದರಿಂದ ನಿಮಗೆ ಉಪಯೋಗವಿಲ್ಲ. ಆ ಗುರುವಾರ ಏನು ನಡೆಯಿತು ಎಂಬುದರಿಂದ ಇದೆ. ನಮ್ಮಲ್ಲಿ ಕಾಗದ ಇಡುವ ಪದ್ಧತಿ ಇಲ್ಲ. ಅರ್ಜಿಯೂ ಬಾಯಿಮಾತು, ತೀರ್ಪೂ ಬಾಯಿಮಾತು. ಹೀಗಾಗಿ ನಾನು ಬರೆಯದಿದ್ದರೆ ಇದು ಉಳಿಯುವುದಿಲ್ಲ.

ಮೊದಲು ಕೆಲಸದ ಸ್ವರೂಪ. ನಾವು ದೇವರಲ್ಲ, ದೆವ್ವವೂ ಅಲ್ಲ. ನಮಗೆ ನೆರಳಿಲ್ಲ, ಹಸಿವಿಲ್ಲ, ನಿದ್ದೆಯಿಲ್ಲ. ಮನುಷ್ಯರ ಮನೆಯ ಯಾವುದಾದರೂ ವಸ್ತು ತನ್ನ ಅಳತೆ ಮೀರಿ ಕೆಲಸ ಮಾಡತೊಡಗಿದೆ ಎಂಬ ಅರ್ಜಿ ಬಂದರೆ, ಅಲ್ಲಿಗೆ ಹೋಗಿ, ಅದರಲ್ಲಿ ಶಕ್ತಿ ಇದೆಯೋ ಇಲ್ಲವೋ ಎಂದು ಒರೆಗೆ ಹಚ್ಚಿ ಹೇಳುವುದು ನಮ್ಮ ಕೆಲಸ. ಉತ್ತರ ಎರಡೇ. ‘ಉಂಟು’ ಎಂದರೆ ವಸ್ತು ಗೋಕಾಕದ ಧಬಧಬೆಯ ಹಿಂದೆ, ನೀರಿನ ಪರದೆಯ ಆಚೆಗಿರುವ ನಮ್ಮ ಉಗ್ರಾಣಕ್ಕೆ ಹೋಗುತ್ತದೆ, ಮರಳಿ ಬರುವುದಿಲ್ಲ. ‘ಇಲ್ಲ’ ಎಂದರೆ ಇದ್ದಲ್ಲಿಯೇ ಇರುತ್ತದೆ; ಅದರ ಮೇಲೆ ಮತ್ತೆಂದೂ ಅರ್ಜಿ ತೆಗೆದುಕೊಳ್ಳುವುದಿಲ್ಲ.

ವಿಚಾರಣೆಗೆ ಮೂವರು ಹೋಗಬೇಕು: ಒಬ್ಬ ಕೈ, ಒಬ್ಬ ಮೂಗು, ಒಬ್ಬ ಕಿವಿ. ಶಕ್ತಿಯುಳ್ಳ ವಸ್ತು ಕೆಲಸ ಮಾಡುತ್ತಿರುವಾಗ ಬಿಸಿಯಾಗುತ್ತದೆ, ಅದನ್ನು ಕೈ ಹಿಡಿಯುತ್ತದೆ. ಕಾದ ಕಬ್ಬಿಣಕ್ಕೆ ನೀರು ಬಿದ್ದ ವಾಸನೆ ಬರುತ್ತದೆ, ಅದು ಮೂಗಿಗೆ. ಡಬ್ಬಿಯೊಳಗೆ ದುಂಬಿ ಸಿಕ್ಕಿಕೊಂಡಂತೆ ಸಣ್ಣಗೆ ಗುಂಯ್‌ಗುಡುತ್ತದೆ, ಅದು ಕಿವಿಗೆ. ನಾನು ಕಿವಿ. ಗೋಕಾಕ, ಮೂಡಲಗಿ, ಹುಕ್ಕೇರಿ ನನ್ನ ಸರಹದ್ದು. ಜನ ನಮ್ಮನ್ನು ಒರೆಯವರು ಎನ್ನುತ್ತಿದ್ದರು. ನೆರಳಿಲ್ಲದ್ದನ್ನು ಯಾರೂ ದೊಡ್ಡದು ಮಾಡುತ್ತಿರಲಿಲ್ಲ. ಚಹಾ ಕೊಡುತ್ತಿದ್ದರು, ಆರುವವರೆಗೆ ಹಿಡಿದುಕೊಂಡು ಮರಳಿ ಕೊಡುವುದು ನಮ್ಮ ರೂಢಿ.

ನಾನು ಸೇರಿದ ಕಾಲಕ್ಕೆ ನಾವು ಗೋಡೆಯೊಳಗಿಂದಲೇ ಮನೆಗಳಿಗೆ ಹೋಗುತ್ತಿದ್ದೆವು. ಹುಕ್ಕೇರಿಯ ಒಬ್ಬ ಹೆಣ್ಣುಮಗಳು, “ಮತ್ತ ನಾವು ಕದಾ ಯಾಕ ಇಟ್ಟೇವ್ರಿ?” ಎಂದು ಕೇಳಿದಳು. ಆ ಪ್ರಶ್ನೆ ನಮ್ಮ ಹಿರಿಯರ ತನಕ ಹೋಯಿತು. ಹಿರಿಯರು ಧಬಧಬೆಯ ಹಿಂದಿನಿಂದ ಹೊರಗೆ ಬಂದವರಲ್ಲ, ಮಾತೂ ಕಡಿಮೆ. ಆದರೆ ಅಂದಿನಿಂದ ನಾವು ಬಸ್ಸಿನಲ್ಲಿ ಹೋಗಿ, ಕದ ಬಡಿದು, ಚಪ್ಪಲಿ ಬಿಟ್ಟು ಒಳಗೆ ಹೋಗಬೇಕೆಂದು ಕಟ್ಟಳೆಯಾಯಿತು. ಕೆಲಸ ನಿಧಾನವಾಯಿತು, ಜಗಳ ಕಡಿಮೆಯಾಯಿತು.

ನಿದ್ದೆಯ ವಿಷಯದಲ್ಲಿ ನಮ್ಮವರು ಮಾಡಿದ ಒಂದು ತಪ್ಪನ್ನು ಇಲ್ಲಿಯೇ ಹೇಳಿಬಿಡುತ್ತೇನೆ. ಹುಕ್ಕೇರಿಯ ಒಂದು ಕಚೇರಿಯ ಅಂಗಳದಲ್ಲಿ, ಬೇವಿನ ಗಿಡದ ಕೆಳಗೆ ಒಂದು ಕಲ್ಲಿನ ಕಟ್ಟೆ ಇತ್ತು. ನನಗಿಂತ ಮೊದಲಿನ ಒಬ್ಬ ಕಿವಿ ಅದರ ಮುಂದೆ ನಿಂತು ನೋಡಿದ. ಕಟ್ಟೆಯ ಮೇಲೆ ಕೂತ ಮನುಷ್ಯರೆಲ್ಲ ಒಬ್ಬೊಬ್ಬರಾಗಿ ತಲೆ ಬಾಗಿಸಿ, ಬಾಯಿ ತೆರೆದು, ಪ್ರಜ್ಞೆ ತಪ್ಪಿ ಬೀಳುತ್ತಿದ್ದರು. ಗಂಟಲಿನಿಂದ ಸದ್ದು ಬರುತ್ತಿತ್ತು. ಅವನು ಗಾಬರಿಯಿಂದ ಹಿರಿಯರಿಗೆ ವರದಿ ಮಾಡಿದ: ಕಟ್ಟೆ ಜನರ ಪ್ರಾಣ ಹೀರುತ್ತಿದೆ, ಕೂಡಲೇ ಉಗ್ರಾಣಕ್ಕೆ ಸಾಗಿಸಬೇಕು. ಹಿರಿಯರು ಕೇಳಿದ್ದು ಒಂದೇ ಮಾತು: “ಅವರದು ಊಟವಾಗಿತ್ತೇ?” ಅದಾದ ಮೇಲೆ ಹೊಸದಾಗಿ ಸೇರುವ ಪ್ರತಿಯೊಬ್ಬರೂ ಒಂದಷ್ಟು ದಿನ ಮನುಷ್ಯರ ಮನೆಯಲ್ಲಿದ್ದು, ಅವರು ಮಲಗುವುದನ್ನೂ ಏಳುವುದನ್ನೂ ನೋಡಿ ಕಲಿಯಬೇಕೆಂದಾಯಿತು. ಗೊರಕೆ ಎಂದರೇನು ಎಂದು ನಾನು ತಿಳಿದದ್ದು ಹಾಗೆ.

ಎರಡನೆಯ ಸಂಗತಿ ಸಂಬಂಧದ ಕಟ್ಟಳೆ. ಒಂದೇ ಸೂರಿನ ಕೆಳಗೆ, ಒಂದೇ ಬಾಯಿಂದ, ಮೂರು ಸಲ ಸಂಬಂಧದ ಹೆಸರಿನಿಂದ ಕರೆಸಿಕೊಂಡ ಒರೆಯವನು ಆ ಮನೆಯ ಬಳಗವಾಗುತ್ತಾನೆ. ಬಳಗದವನು ತೀರ್ಪು ಹೇಳುವಂತಿಲ್ಲ. ಬೇರೆ ಸೀಮೆಗಳಲ್ಲಿ ಇದು ಹೆಸರಿಗಷ್ಟೇ ಇರುವ ಕಟ್ಟಳೆ. ಅಲ್ಲಿ ಜನ ಅಪರಿಚಿತರನ್ನು ರಾಯರೇ ಎನ್ನುತ್ತಾರೆ, ಸ್ವಾಮಿ ಎನ್ನುತ್ತಾರೆ. ನಮ್ಮ ಸೀಮೆಯಲ್ಲಿ ಬಸ್ಸಿನಲ್ಲಿ ಬಾಜೂಕ್ಕೆ ಕೂತವನೂ ಕಾಕಾ, ತರಕಾರಿ ಕೊಳ್ಳಲು ಬಂದವಳೂ ಅಕ್ಕ. ತುಂಗಭದ್ರೆಯ ಆಚೆಯಿಂದ ನಮ್ಮ ಕಡೆ ಬಂದ ಒಬ್ಬ ಮೂಗಿನವನು ಮೂಡಲಗಿಯ ಜೈನ ವ್ಯಾಪಾರಿಯೊಬ್ಬರ ಮನೆಗೆ ಹೋದ. ಕಾಳು ಅಳೆದಷ್ಟೂ ಬರಿದಾಗದ ಸೇರು ಅಲ್ಲಿದೆ ಎಂದು ಅರ್ಜಿ. ವ್ಯಾಪಾರಿ ಒಳ್ಳೆಯ ಮನುಷ್ಯ. “ಬರ್ರಿ ಕಾಕಾ, ಕೈಕಾಲ ತೊಳ್ಕೋರಿ ಕಾಕಾ, ಹೊತ್ತ ಮುಳಗೂದರಾಗ ನಮ್ಮ ಊಟ ಆಗಬೇಕ್ರಿ, ನೀವೂ ಕುಂದರ್ರಿ ಕಾಕಾ” ಎಂದರು. ಹೊಸ್ತಿಲಿನಿಂದ ಚಾಪೆಗೆ ಬರುವಷ್ಟರಲ್ಲಿ ಅವನು ಬಳಗವಾಗಿದ್ದ. ಸೇರನ್ನು ಕಣ್ಣಿನಿಂದಲೂ ನೋಡಲಿಲ್ಲ. ಈಗಲೂ ಆ ಮನೆಯ ಮದುವೆಗಳಿಗೆ ಅವನಿಗೆ ಕರೆ ಬರುತ್ತದೆ, ಅವನು ಹೋಗಲೇಬೇಕು. ಅಂದಿನಿಂದ ನಾನು ಯಾವ ಮನೆಗೆ ಹೋದರೂ ಕದದಲ್ಲೇ ನಿಂತು, “ನಮ್ಮನ್ನು ಸಾಹೇಬ್ರ ಅನ್ನಬೇಕು, ಬೇರೆ ಏನೂ ಅನ್ನಬಾರದು” ಎಂದು ಹೇಳಿ ಒಳಗೆ ಹೋಗುತ್ತಿದ್ದೆ.

ಈಗ ಕೌದಿಯ ವಿಷಯ.

ದುಂಡಪ್ಪನೂ ಬಾಳಪ್ಪ ಎಂಬವನೂ ಕಾಲುವೆಯ ಮೇಲೆ ಜೋಡಿಯಾಗಿ ಕೆಲಸ ಮಾಡುತ್ತಿದ್ದರು. ಎರಡು ವರ್ಷದ ಹಿಂದೆ, ನೀರು ತುಂಬಿ ಹರಿಯುವಾಗ, ಬಾಳಪ್ಪ ಕಾಲು ಜಾರಿ ಬಿದ್ದ. ಈಜು ಇಬ್ಬರಿಗೂ ಅಷ್ಟಕ್ಕಷ್ಟೆ. ಬಾಳಪ್ಪ ತಲೆಗೆ ಸುತ್ತಿದ್ದ ಕೆಂಪು ಪಟಗಾ ಬಿಚ್ಚಿಕೊಂಡು ದಂಡೆಯ ಕಡೆ ಬಂದಿತ್ತು. ಅದರ ಒಂದು ತುದಿ ದುಂಡಪ್ಪನ ಕೈಗೆ ಸಿಕ್ಕಿತು, ಇನ್ನೊಂದು ತುದಿ ಬಾಳಪ್ಪನ ಕೈಯಲ್ಲಿತ್ತು. ಸ್ವಲ್ಪ ಹೊತ್ತು ಹಾಗೆಯೇ ಇತ್ತು. ಆಮೇಲೆ ಆ ಕಡೆಯ ಎಳೆತ ನಿಂತಿತು. ದುಂಡಪ್ಪ ಪಟಗಾವನ್ನು ಪೂರಾ ಎಳೆದುಕೊಂಡ. ಅದರ ತುದಿಯಲ್ಲಿ ಯಾರೂ ಇರಲಿಲ್ಲ.

ಅಂದಿನಿಂದ ದುಂಡಪ್ಪನಿಗೆ ನಿದ್ದೆ ಬರದಾಯಿತು. ಆಸ್ಪತ್ರೆಯ ಗುಳಿಗೆ ನಡೆಯಲಿಲ್ಲ, ಮಂತ್ರದ ದಾರ ನಡೆಯಲಿಲ್ಲ. ಬಾಳಪ್ಪನ ಹೆಂಡತಿ ಶಾಂತವ್ವ, ಗಂಡನ ಬಟ್ಟೆಗಳನ್ನು ನೋಡಲಾರದೆ, ದುಂಡಪ್ಪ ತಂದುಕೊಟ್ಟ ಪಟಗಾವನ್ನೂ ಸೇರಿಸಿ ಗಂಟು ಕಟ್ಟಿ ಕಾಶವ್ವನಿಗೆ ಕೊಟ್ಟುಬಿಟ್ಟಳು. ಹಳೆಯ ಬಟ್ಟೆಯನ್ನು ಕೌದಿಯವರಿಗೆ ಕೊಡುವುದು ಅಲ್ಲಿ ಎಲ್ಲರ ರೂಢಿ. ಕಾಶವ್ವ ಅದರಿಂದ ಒಂದು ಕೌದಿ ಹೊಲಿದಳು, ಪಟಗಾವನ್ನು ನಡುಮಧ್ಯಕ್ಕೆ ಹಚ್ಚಿದಳು. ಅದನ್ನು ಹೊದ್ದ ದಿನವೇ ದುಂಡಪ್ಪ ಮಲಗಿದ, ಮರುದಿನ ಹೊತ್ತೇರಿದರೂ ಏಳಲಿಲ್ಲ. ಬಾಳಪ್ಪ ಬಂದು ಅವನ ತಲೆಯ ಬಳಿ ಕೂರುತ್ತಾನೆ ಎಂದು ಊರಲ್ಲಿ ಮಾತಾಯಿತು. ಮಾತು ಶಾಂತವ್ವನ ಕಿವಿಗೂ ಬಿತ್ತು. ಅವಳು ಬಸ್ಸು ಹತ್ತಿ ಗೋಕಾಕಕ್ಕೆ ಬಂದು ಅರ್ಜಿ ಹೇಳಿದಳು.

ಕಟ್ಟಳೆಯ ಪ್ರಕಾರ ನಾನು ಸೋಮವಾರವೇ ಹೋಗಿ ಕೌದಿಯನ್ನು ಬಟ್ಟೆಯಲ್ಲಿ ಕಟ್ಟಿ, ಗಂಟಿಗೆ ಅರಗಿನ ಮುದ್ರೆ ಹಾಕಿ ಬಂದಿದ್ದೆ. ಗುರುವಾರದವರೆಗೆ ಅದನ್ನು ಯಾರೂ ಹೊದೆಯುವಂತಿಲ್ಲ.

ಗುರುವಾರ ಕಾಶವ್ವ ಕದದಲ್ಲೇ ನಮ್ಮನ್ನು ಎದುರುಗೊಂಡಳು. “ಬರ್ರಿ ಸಾಹೇಬ್ರ. ಮೂರೂ ಮಂದಿ ಒಳಗ ಬರ್ರಿ, ಥಂಡಿ ಭಾಳ ಐತಿ” ಎಂದಳು. ನನ್ನ ಸೂಚನೆ ಹೇಳುವ ಮೊದಲೇ ಸಾಹೇಬ್ರ ಎಂದದ್ದರಿಂದ ನಾನು ಸೂಚನೆ ಹೇಳಲಿಲ್ಲ. ಮೂಡಲಗಿಯ ಕತೆ ಸೀಮೆಯ ತುಂಬ ಹರಡಿತ್ತು. ಹತ್ತು ಮನೆಯ ಬಟ್ಟೆ ಹೊಲಿಯುವವಳಿಗೆ ಹತ್ತು ಮನೆಯ ಮಾತೂ ತಿಳಿದಿರುತ್ತದೆ. ಅದು ನನಗೆ ಆಗ ಹೊಳೆಯಲಿಲ್ಲ.

ಮುದ್ರೆ ನೆಟ್ಟಗಿತ್ತು. ಗಂಟು ಬಿಚ್ಚಿ ಕೌದಿಯನ್ನು ಚಾಪೆಯ ಮೇಲೆ ಹಾಸಿದೆವು. ನಮ್ಮ ಕೈ ಹೊಸಬ, ಈ ಸೀಮೆಗೆ ಅದೇ ಮೊದಲ ಸಲ ಬಂದವನು. ಅವನು ಮುಂದೆ ಬಾಗಿದ.

“ಕೈಯಾಗ ನೋಡೂದು ನಿನ್ನ ಕೆಲಸೇನು?” ಎಂದಳು ಕಾಶವ್ವ. “ನೋಡ ತಮ್ಮಾ, ಚಂದಂಗ ನೋಡು. ಹರಕ ಬಟ್ಟಿ ತಮ್ಮಾ, ಅದರಾಗ ಏನ್ ಇದ್ದೀತು? ಆ ಮೂಲ್ಯಾಗ ಸೂಜಿ ಉಳದಿರತೈತಿ, ಹುಷಾರ ತಮ್ಮಾ.”

ಕೈಯವನು ಕೈ ಹಿಂದೆ ತೆಗೆದುಕೊಂಡು ನನ್ನ ಮುಖ ನೋಡಿದ. ಅವನ ಬೆರಳುಗಳು ಆಗಲೇ ಜಡವಾಗಿದ್ದವು. ಬಳಗವಾದವನ ಇಂದ್ರಿಯ ಆ ಮನೆಯ ಮಟ್ಟಿಗೆ ಕೆಲಸ ಮಾಡುವುದಿಲ್ಲ.

ಮೂಗಿನವನು ಅನುಭವಸ್ಥ. ಅವನು ಆಗಲೇ ಎದ್ದಿದ್ದ.

“ಯಾಕ ಎದ್ರಿ ಮಾವಾರ?” ಎಂದಳು ಕಾಶವ್ವ. “ನೀರರ ಕುಡೀರಿ ಮಾವಾರ.”

ಅವನು ನೇರ ಬಾಗಿಲಿಗೆ ನಡೆದ. ಇನ್ನೊಂದು ಹೆಜ್ಜೆ ಇಟ್ಟಿದ್ದರೆ ಸೂರಿನ ಹೊರಗಿರುತ್ತಿದ್ದ.

“ಚಪ್ಪಲಿ ಹಾಕ್ಕೊಂಡ ಹೋಗ್ರಿ ಮಾವಾರ, ಅಂಗಳದಾಗ ಮುಳ್ಳ ಅದಾವ.”

ಹೀಗೆ ಇಬ್ಬರೂ ಬಳಗವಾದರು. ಕಾಶವ್ವ ನನ್ನ ಕಡೆ ತಿರುಗಿ, “ಅಣ್ಣಾರ, ನಿಮಗ ಚಹಾ” ಎನ್ನುವಷ್ಟರಲ್ಲಿ ನಾನು ಕೌದಿಯನ್ನು ಎತ್ತಿಕೊಂಡು ಅಂಗಳಕ್ಕೆ ಬಂದಿದ್ದೆ. ಕಟ್ಟಳೆ ಸೂರಿನ ಕೆಳಗೆ ಮಾತ್ರ. ಆಕಾಶದ ಕೆಳಗೆ ಅವಳು ಏನು ಕರೆದರೂ ಅಡ್ಡಿಯಿಲ್ಲ. ಮೂವರಲ್ಲಿ ಒಬ್ಬ ಉಳಿದರೂ ವಿಚಾರಣೆ ನಡೆಸಬಹುದು. ಅಂಗಳದಲ್ಲೇ ನಡೆಸುತ್ತೇನೆಂದು ಹೇಳಿದೆ.

ಅಲ್ಲಿಯವರೆಗೆ ಗೋಡೆಗೆ ಒರಗಿ ನಿಂತಿದ್ದ ಶಾಂತವ್ವ ಆಗ ಬಾಯಿ ತೆರೆದಳು. “ಕಾಶಕ್ಕಾ, ಎಷ್ಟು ಚಂದ ಮಾತಾಡ್ತಿ. ನಮ್ಮನಿಯವ್ರು ಹೋದಾಗಿಂದ ನನ್ನ ಜೋಡಿ ಒಂದ ಮಾತ ಆಡಿಲ್ಲ. ಇವತ್ತ ಆ ಲೋಕದವರನ್ನೆಲ್ಲಾ ಬಳಗ ಮಾಡ್ಕೊಂಡಿ.”

“ನಿನ್ನ ಮಾರಿ ನೋಡಾಕ ನನಗ ಆಗತಿದ್ದಿಲ್ಲ, ಶಾಂತಾ,” ಎಂದಳು ಕಾಶವ್ವ. “ನೀ ಅರ್ಜಿ ಹೇಳೂಮುಂದ ಇಂವನ ಮಾರಿ ನೋಡಿದ್ದೇನು?”

ದುಂಡಪ್ಪ ಅಂಗಳದ ಒಗೆಯುವ ಕಲ್ಲಿನ ಮೇಲೆ ಕೂತಿದ್ದ. ಸೋಮವಾರ ಮುದ್ರೆ ಹಾಕುವಾಗ ನಾನು ನೋಡಿದ್ದ ಮನುಷ್ಯ ಇವನೇ ಎಂದು ಹೇಳುವುದು ಕಷ್ಟವಿತ್ತು. ಕಣ್ಣು ಕೆಂಪಾಗಿದ್ದವು. ಎಡಗೈಯ ಬೆರಳಿಗೆ ಬಟ್ಟೆ ಸುತ್ತಿತ್ತು. ತಲೆ ಎದೆಯ ಮೇಲೆ ಬೀಳುತ್ತಿತ್ತು, ಬಿದ್ದ ಕೂಡಲೇ ಯಾರೋ ಎಳೆದಂತೆ ಮೇಲಕ್ಕೆ ಏಳುತ್ತಿತ್ತು.

“ಸೋಮವಾರದಿಂದ ಕಣ್ಣ ಮುಚ್ಚಿಲ್ರಿ,” ಕಾಶವ್ವ ನನಗೆ ಹೇಳಿದಳು. “ನಿನ್ನೆ ಗೇಟಿನ ಸಂದ್ಯಾಗ ಕೈಬೆರಳ ಸಿಗಿಸ್ಕೊಂಡ ಬಂದಾನ. ನೀವು ಕೌದಿ ಒಯ್ರಿ. ಆಮ್ಯಾಲೆ ಒಂದ ದಿನ ಇಂವನ್ನೂ ಕಾಲುವ್ಯಾಗಿಂದ ತಗದ ಒಯ್ಯಾಕ ಬರ್ರಿ.”

ನಾನು ಶಾಂತವ್ವನಿಗೆ ಅರ್ಜಿಯನ್ನು ಇನ್ನೊಮ್ಮೆ, ಎಲ್ಲರೂ ಕೇಳುವಂತೆ ಹೇಳಲು ತಿಳಿಸಿದೆ. ಇದು ಪದ್ಧತಿ. ಗೋಕಾಕದಲ್ಲಿ ಹೇಳಿದ ಅರ್ಜಿ ವಸ್ತುವಿನ ಮುಂದೆ ನಿಂತಾಗ ಬೇರೆಯಾಗಿರುವುದನ್ನು ನಾನು ಎಷ್ಟೋ ಸಲ ನೋಡಿದ್ದೇನೆ.

“ನನಗ ಕೌದಿ ಬ್ಯಾಡ್ರಿ ಸಾಹೇಬ್ರ,” ಎಂದಳು ಅವಳು. “ಅವರು ಅದರಾಗ ಅದಾರೋ ಇಲ್ಲೋ, ಅಷ್ಟ ಹೇಳ್ರಿ. ನನ್ನ ಕನಸಿನ್ಯಾಗ ಸುದ್ದಾ ಬಂದಿಲ್ಲ ಅವರು. ಇಂವನ ಕಡೆ ದಿನಾ ಬರ್ತಾರಂತ. ಇಂವ ಅವರ ಪಟಗಾ ಹೊಚ್ಕೊಂಡ ಗೊರಕಿ ಹೊಡಿತಾನ, ನಾ ಜಂತಿ ನೋಡ್ಕೋಂತ ಬೆಳಗ ಮಾಡ್ತೀನಿ. ಅದಾರ ಅಂದ್ರ ನಿಮ್ಮ ಉಗ್ರಾಣದಾಗ ಇಟಗೋರಿ. ಇಂವನ ಮೈಮ್ಯಾಲೆ ಬ್ಯಾಡ.”

“ನೀನೇನು ಹೇಳುತ್ತೀ?” ಎಂದು ದುಂಡಪ್ಪನನ್ನು ಕೇಳಿದೆ.

“ನಾ ಏನ್ ಹೇಳ್ಲಿ ಸಾಹೇಬ್ರ. ಅದು ಅವರ ಮನಿ ಪಟಗಾ. ನನ್ನ ಕೈಯಾಗ ಒಂದ ತುದಿ ಇತ್ತು ಅಷ್ಟ.”

ಬಟ್ಟೆಯ ವಸ್ತುವಾದರೆ ಮೊದಲು ಒಂದು ಮೂಲೆಯ ಹೊಲಿಗೆ ಬಿಚ್ಚಿ ಒಳಗೆ ನೋಡಬೇಕು. ಕೊಣ್ಣೂರಿನಲ್ಲಿ ಹೀಗೆ ಒಂದು ದಿಂಬನ್ನು ಬಿಚ್ಚಿದಾಗ ಒಳಗೆ ತಾಯಿತ ಸಿಕ್ಕಿತ್ತು; ದಿಂಬಿನ ಶಕ್ತಿ ಎಂದು ಹೇಳಿಕೊಂಡದ್ದೆಲ್ಲ ತಾಯಿತದ್ದಾಗಿತ್ತು. ಈ ಕೌದಿಯ ಮೂಲೆ ಬಿಚ್ಚಿದೆ. ಬೆರಳು ಹೋಗುವಷ್ಟು ದೂರ ನೋಡಿದೆ. ಬಟ್ಟೆಯ ಮೇಲೆ ಬಟ್ಟೆ, ಅಷ್ಟೇ. ಕಾಶವ್ವ ಪಕ್ಕದಲ್ಲೇ ನಿಂತು, “ನನ್ನ ಹೊಲಿಗಿ ಬಿಚ್ಚಿದವರು ನೀವಽ ಮೊದಲ ನೋಡ್ರಿ” ಎಂದಳು.

ಮುಂದಿನ ಹಂತ, ಕೌದಿಯ ಕೆಳಗೆ ಒಬ್ಬರು ಮಲಗಬೇಕು. ಶಕ್ತಿ ಕೆಲಸ ಮಾಡುವಾಗ ಮಾತ್ರ ಗುಂಯ್‌ಗುಡುತ್ತದೆ, ಈ ಕೌದಿಯ ಕೆಲಸ ನಿದ್ದೆ. ನಾವು ಮಲಗಿ ಉಪಯೋಗವಿಲ್ಲ. ಮಲಗುವವರನ್ನು ಅರ್ಜಿ ಕೊಟ್ಟವರೂ ಕೌದಿ ಹೊದೆಯುವವರೂ ಒಪ್ಪಬೇಕು. ಕಾಶವ್ವ ನೆರೆಮನೆಯ ಮುದುಕಿಯ ಹೆಸರು ಹೇಳಿದಳು.

“ಆಕಿ ಕುಂತಲ್ಲೇ ನಿದ್ದಿ ಮಾಡ್ತಾಳ, ಆಕೀಗೇನ್ ಕೌದಿ ಬೇಕು?” ಎಂದಳು ಶಾಂತವ್ವ. ಆಮೇಲೆ, “ನಾನಽ ಮಲಗ್ತೀನ್ರಿ” ಎಂದಳು.

“ಅರ್ಜಿ ಹಾಕಿದಾಕಿನಽ ಮಲಗೂದಾ?” ಕಾಶವ್ವ ನನ್ನನ್ನು ಕೇಳಿದಳು. “ಕಣ್ಣ ಮುಚ್ಚಿ ಎದ್ದು ‘ಅದಾರ್ರಿ, ಒಯ್ರಿ’ ಅಂದಬಿಟ್ರ ನಮ್ಮ ಗತಿ ಏನು?”

ಅವಳ ಮಾತು ಸರಿಯಾಗಿತ್ತು. ಆದರೆ ಅರ್ಜಿದಾರರು ಮಲಗಬಾರದು ಎಂಬ ಕಟ್ಟಳೆ ಇಲ್ಲ. ಕೌದಿ ಹೊದೆಯುವವನು ಒಪ್ಪಿದರೆ ಸಾಕು. ನಾನು ದುಂಡಪ್ಪನ ಕಡೆ ನೋಡಿದೆ.

“ಮಲಗಲಿ,” ಎಂದ ದುಂಡಪ್ಪ.

ಚಾಪೆಯನ್ನು ಅಂಗಳದ ಬಿಸಿಲಿಗೆ ಹಾಸಿದೆವು. ಶಾಂತವ್ವ ಸೆರಗು ಬಿಗಿದುಕೊಂಡು, ಜಾತ್ರೆಯಲ್ಲಿ ಜಾಗ ಹಿಡಿದವಳಂತೆ ನೆಟ್ಟಗೆ ಅಂಗಾತ ಮಲಗಿದಳು. ನಾನು ಕೌದಿ ಹೊದಿಸಿ, ಅದರ ಅಂಚಿಗೆ ಕಿವಿ ಹಚ್ಚಿ ಕೂತೆ. ಬಳಗವಾದ ಇಬ್ಬರೂ ಬೇಲಿಯ ಬಳಿ ನಿಂತರು. ಕಾಶವ್ವ ಅವರನ್ನು ಸುಮ್ಮನೆ ಬಿಡಲಿಲ್ಲ. “ತಮ್ಮಾ, ನಿಂತಽ ಇದ್ದೀಯಲ್ಲ, ಒಂದ ಕೊಡ ನೀರ ತಗೊಂಬಾ” ಎಂದಳು. ಕೈಯವನು ತಂದ. ಬಳಗವಾದವನು ತರಲೇಬೇಕು.

ಬಹಳ ಹೊತ್ತು ಶಾಂತವ್ವ ಅಲುಗಾಡಲಿಲ್ಲ. ಕಣ್ಣು ಮುಚ್ಚಿದ್ದರೂ ರೆಪ್ಪೆ ಅದುರುತ್ತಿದ್ದವು. ಮನುಷ್ಯ ಮಲಗಿದಂತೆ ನಟಿಸುವಾಗ ಉಸಿರು ಎಣಿಸಿ ಬಿಡುತ್ತಾನೆ. ಇವಳ ಉಸಿರೂ ಹಾಗೆಯೇ ಇತ್ತು. ಕೌದಿಯಿಂದ ಯಾವ ಸದ್ದೂ ಇಲ್ಲ. ಆಮೇಲೆ ಅವಳು ಮಗ್ಗುಲಾದಳು. ಕೈ ಕೌದಿಯ ನಡುವಿನ ಕೆಂಪು ತುಂಡಿನ ಮೇಲೆ ಬಂತು, ಅದನ್ನು ಮುಷ್ಟಿಯಲ್ಲಿ ಹಿಡಿಯಿತು. ಉಸಿರು ಎಣಿಕೆ ತಪ್ಪಿತು.

ನಾನು ಕಿವಿಯನ್ನು ಇನ್ನೂ ಹತ್ತಿರ ಒಯ್ದೆ. ಶಕ್ತಿ ಇದ್ದರೆ ಕೇಳುವ ಗಳಿಗೆ ಅದೇ. ಆದರೆ ಅಷ್ಟರಲ್ಲಿ ಶಾಂತವ್ವ ಗೊರಕೆ ಹೊಡೆಯಲು ಸುರು ಮಾಡಿದಳು. ಅದು ಸಣ್ಣ ಗೊರಕೆಯಲ್ಲ. ಕಬ್ಬಿನ ಗಾಣ ತಿರುಗಿದಂತೆ ಒಂದೇ ಸಮನೆ, ಅಂಗಳದ ಆಚೆ ದಾರಿಯಲ್ಲಿ ಹೋಗುವವರು ನಿಂತು ನೋಡುವಂತೆ. ಎರಡು ವರ್ಷದ ನಿದ್ದೆ ಒಟ್ಟಿಗೇ ಬಂದಂತಿತ್ತು. ಕೌದಿಯ ಯಾವ ಅಂಚಿಗೆ ಕಿವಿ ಇಟ್ಟರೂ ಗೊರಕೆಯೇ. ಅದರ ಹಿಂದೆ ದುಂಬಿಯ ಸದ್ದು ಇತ್ತೋ ಇಲ್ಲವೋ ನನಗೆ ತಿಳಿಯಲಿಲ್ಲ. ಇಂದಿಗೂ ತಿಳಿದಿಲ್ಲ. ತಿಳಿದವರಂತೆ ಹೇಳುವುದು ನಮ್ಮ ಕೆಲಸದಲ್ಲಿ ಎಲ್ಲಕ್ಕಿಂತ ದೊಡ್ಡ ತಪ್ಪು.

ಒಂದು ಕೋಳಿ ಮರಿಗಳನ್ನು ಕರೆದುಕೊಂಡು ಚಾಪೆಯ ಹತ್ತಿರ ಬಂತು. ಕಾಶವ್ವ ಸದ್ದಾಗದಂತೆ ಸೆರಗು ಬೀಸಿ ಅದನ್ನು ಓಡಿಸಿದಳು. ದಾರಿಯಲ್ಲಿ ನಿಂತವರಿಗೆ ಬಾಯಿಯ ಮೇಲೆ ಬೆರಳಿಟ್ಟು ತೋರಿಸಿದಳು. ಬಿಸಿಲು ಶಾಂತವ್ವನ ಮುಖದ ಮೇಲೆ ಬಂದಾಗ ಮೊರವನ್ನು ತಂದು ಅಡ್ಡ ಹಿಡಿದು ನಿಂತಳು. ಅರ್ಜಿ ಗೆದ್ದರೆ ತನ್ನ ತಮ್ಮನ ಕೌದಿ ಹೋಗುತ್ತದೆ ಎಂದು ಅವಳಿಗೆ ಗೊತ್ತಿತ್ತು. ಆದರೂ ಮೊರ ಇಳಿಸಲಿಲ್ಲ.

ಮಧ್ಯಾಹ್ನ ಕಳೆದ ಮೇಲೆ ಶಾಂತವ್ವ ತಾನಾಗಿಯೇ ಎದ್ದಳು. ಎದ್ದು ಕೂತು, ಎಲ್ಲಿದ್ದೇನೆಂದು ಸುತ್ತ ನೋಡಿದಳು. ಕೆನ್ನೆಯ ಮೇಲೆ ಹೊಲಿಗೆಯ ಗೆರೆ ಮೂಡಿತ್ತು. ಮುಷ್ಟಿಯಲ್ಲಿ ಕೆಂಪು ಬಟ್ಟೆ ಇನ್ನೂ ಇತ್ತು. ಅದನ್ನು ನೋಡಿ ಕೈ ಬಿಟ್ಟಳು. ಆಮೇಲೆ ಅವಳ ಕಣ್ಣು ದುಂಡಪ್ಪನ ಮೇಲೆ ಹೋಯಿತು. ಅವನು ಒಗೆಯುವ ಕಲ್ಲಿನ ಮೇಲೆ ಬೆಳಗಿನಿಂದ ಕೂತಲ್ಲೇ ಇದ್ದ. ತಲೆ ಬೀಳುತ್ತಿತ್ತು, ಏಳುತ್ತಿತ್ತು. ಹೀಗೆ ಆಗುವುದನ್ನು ಅವಳು ಸುಮಾರು ಹೊತ್ತು ನೋಡಿದಳು.

ನಾನು ಪದ್ಧತಿಯ ಪ್ರಶ್ನೆ ಕೇಳಿದೆ. “ಶಾಂತವ್ವ, ನಿದ್ದೆ ಬಂತೇ?”

“ಇಲ್ರಿ ಸಾಹೇಬ್ರ,” ಎಂದಳು. “ಕಣ್ಣಽ ಹತ್ತಲಿಲ್ಲ.”

ಕೈಯವನು ಬಾಯಿ ತೆರೆದ. ಮೂಗಿನವನು ಅವನ ಕಾಲು ತುಳಿದ. ಕಾಶವ್ವ ಮೊರವನ್ನು ಎದೆಗೆ ಹಿಡಿದುಕೊಂಡು ಬೇಲಿಯ ಆಚೆಯ ಬೇವಿನ ಗಿಡದ ತುದಿಯನ್ನು ನೋಡುತ್ತಿದ್ದಳು.

“ಇನ್ನೊಮ್ಮೆ ಕೇಳುತ್ತೇನೆ. ನಿದ್ದೆ ಬಂತೇ?”

“ಬರಲಿಲ್ಲ ಅಂದ್ನೆಲ್ರಿ. ಮನ್ಯಾಗ ಬರಂಗಿಲ್ಲ, ಇಷ್ಟ ಮಂದ್ಯಾಗ ಬರತೈತೇನು?”

“ಯಾರಾದರೂ ಕಂಡರೇ?”

“ಹಗಲೊತ್ತಿನ್ಯಾಗ ಯಾರ ಬರ್ತಾರ್ರಿ.”

ಇಲ್ಲಿ ಹೊಸಬರು ಗಮನವಿಡಬೇಕು. ಕಿವಿ ವಸ್ತುವಿಗೆ ಮೀಸಲು. ಮಲಗಿದವರ ಉಸಿರು, ಗೊರಕೆ, ಕನವರಿಕೆ ಯಾವುದೂ ಸಾಕ್ಷಿಯಲ್ಲ. ಹುಕ್ಕೇರಿಯ ಕಟ್ಟೆಯ ತಪ್ಪಿನ ನಂತರ ಹಿರಿಯರು ಮಾಡಿದ ಕಟ್ಟಳೆ ಅದು: ನಿದ್ದೆ ಬಂತೋ ಇಲ್ಲವೋ ಎಂಬುದನ್ನು ಮಲಗಿದವರೇ ಹೇಳಬೇಕು, ಏಕೆಂದರೆ ನಮಗೆ ನಿದ್ದೆ ಏನೆಂದು ಗೊತ್ತಿಲ್ಲ. ವಸ್ತುವಿನಿಂದ ನಾನು ಏನೂ ಕೇಳಿರಲಿಲ್ಲ. ಮಲಗಿದವಳು ನಿದ್ದೆ ಬರಲಿಲ್ಲ ಎಂದಿದ್ದಳು. ಎರಡು ತಿಂಗಳ ನಂತರ ಹಿರಿಯರು ಕೇಳಿದಾಗಲೂ ನಾನು ಇಷ್ಟನ್ನೇ ಹೇಳಿದೆ. ಅವರು ನೀರಿನ ಕಡೆ ನೋಡಿ, “ಕಟ್ಟಳೆ ಸರಿಯಾಗಿದೆ” ಎಂದರು.

ನಾನು ಎದ್ದು ನಿಂತು ತೀರ್ಪು ಹೇಳಿದೆ. “ಇಲ್ಲ.”

ದುಂಡಪ್ಪನಿಗೆ ಅದು ಕೂಡಲೇ ತಲೆಗೆ ಹೋಗಲಿಲ್ಲ. “ಒಯ್ತೀರೇನ್ರಿ?” ಎಂದು ಕೇಳಿದ.

“ಇಲ್ಲೋ ಮಾರಾಯಾ, ಇಲ್ಲೇ ಇರತೈತಿ,” ಎಂದಳು ಕಾಶವ್ವ. ಆಮೇಲೆ ಮೊರವನ್ನು ಒಳಗೆ ಇಡಲು ಹೋದವಳು ಸ್ವಲ್ಪ ಹೊತ್ತು ಹೊರಗೆ ಬರಲಿಲ್ಲ.

ಉಳಿದದ್ದು ಬಿಚ್ಚಿದ ಮೂಲೆ. ವಸ್ತುವನ್ನು ಹೇಗೆ ತೆಗೆದುಕೊಂಡೆವೋ ಹಾಗೆ ಮರಳಿಸಬೇಕು, ಬಿಚ್ಚಿದವನೇ ಹೊಲಿಯಬೇಕು. ನಾನು ಚೀಲದಿಂದ ಸೂಜಿ ದಾರ ತೆಗೆದು ಕೂತೆ. ಹೊರಗೆ ಬಂದ ಕಾಶವ್ವ ನನ್ನ ಹೊಲಿಗೆ ನೋಡಿ, “ಗೋಣಿಚೀಲಾ ಹೊಲ್ಯಾಕತ್ತೀರೇನ್ರಿ?” ಎಂದಳು. ನಾನು ಬಿಚ್ಚಿ ಮತ್ತೆ ಹಾಕಿದೆ. ಅದೂ ಹಾಗೆಯೇ ಬಂತು.

ಶಾಂತವ್ವ ಕೈ ಚಾಚಿದಳು. “ತರ್ರಿ ಇಲ್ಲೆ.”

ಬಿಚ್ಚಿದವನೇ ಹೊಲಿಯಬೇಕು ಎಂದು ಹೇಳಿದೆ. “ಮೊದಲಿನ ಎರಡ ಹೊಲಿಗಿ ಟಾಕಿ ನೀವು ಹಾಕೀರಲ್ರಿ, ಆತು ಬಿಡ್ರಿ” ಎಂದಳು. ಸೂಜಿ ಅವಳ ಕೈಗೆ ಹೋಯಿತು. ಅವಳು ಮೂಲೆಯನ್ನು ಮಂಡಿಯ ಮೇಲೆ ಹಾಕಿಕೊಂಡು, ಕಾಶವ್ವನ ಹಳೆಯ ಹೊಲಿಗೆಯ ಸಾಲು ಹಿಡಿದು, ಒಂದರ ಪಕ್ಕ ಒಂದು ಹಾಕುತ್ತ ಹೋದಳು. ಕಾಶವ್ವ ಎದುರಿಗೆ ಕೂತು ಕೌದಿಯ ಇನ್ನೊಂದು ಅಂಚನ್ನು ಎಳೆದು ಹಿಡಿದಳು. ಕೊನೆಗೆ ಶಾಂತವ್ವ ದಾರವನ್ನು ಹಲ್ಲಿನಿಂದ ಕಡಿದು, ಕೌದಿಯನ್ನು ನಾಲ್ಕು ಮಡಿಕೆ ಮಾಡಿ ಎದ್ದು, ದುಂಡಪ್ಪನ ತೊಡೆಯ ಮೇಲೆ ಇಟ್ಟಳು.

“ದುಂಡಣ್ಣಾ, ಮಾರಿ ಮ್ಯಾಲೆ ಪೂರಾ ಎಳಕೋಬ್ಯಾಡ,” ಎಂದಳು. “ಎದಿ ತನಕ ಹೊಚಗೋ. ನಮ್ಮನಿಯವ್ರಿಗೆ ಉಸರ ಕಟ್ಟಿದಂಗ ಆಗತೈತಂತ.”

ದುಂಡಪ್ಪ ತಲೆಯಾಡಿಸಿದ. ಅವಳು ಚಪ್ಪಲಿ ಮೆಟ್ಟಿಕೊಂಡು, ಬೇಲಿ ದಾಟಿ, ತನ್ನ ಮನೆಯ ದಾರಿ ಹಿಡಿದಳು.

ಹೇಳಿದ ತೀರ್ಪನ್ನು ಮರಳಿ ತೆರೆಯುವುದಿಲ್ಲ. ತೀರ್ಪಿನ ನಂತರ ಕಿವಿಗೆ ಬಿದ್ದದ್ದು ವಿಚಾರಣೆಯ ಭಾಗವೂ ಅಲ್ಲ. ನಾನು ಅಂಗಳದಲ್ಲಿ ಮಂಡಿಯೂರಿ, ಕೌದಿಗೆ ಅಂಟಿಕೊಂಡು ಬಂದು ಉದುರಿದ್ದ ಒಡೆದ ಮುದ್ರೆಯ ಅರಗಿನ ಚೂರುಗಳನ್ನು ಒಂದೊಂದಾಗಿ ಆರಿಸಿ ಚೀಲಕ್ಕೆ ಹಾಕಿಕೊಂಡೆ. ಕೋಳಿಮರಿಗಳು ನುಂಗಬಾರದು. ಕೊನೆಯ ಚೂರು ಒಗೆಯುವ ಕಲ್ಲಿನ ಬುಡದಲ್ಲಿತ್ತು. ದುಂಡಪ್ಪ ಕೆಳಗೆ ಜಾರಿ ಕೂತು ಕಲ್ಲಿಗೆ ಒರಗಿ, ಕೌದಿಯನ್ನು ಎದೆಯವರೆಗೆ ಎಳೆದುಕೊಂಡು, ಆಗಲೇ ಮಲಗಿದ್ದ. ಅವನ ಕಾಲನ್ನು ಸ್ವಲ್ಪ ಸರಿಸಿ ಆ ಚೂರನ್ನು ತೆಗೆದುಕೊಂಡೆ.